ಶುಭಂ ಬೀಳುವ ಹೊತ್ತಿಗೆ

ಮೊನ್ನೆ ನಮ್ಮ ಮನೆಯಾಕೆ ರತ್ನಮ್ಮ ಗ್ರೈಂಡರ್ ಒರೆಸಲು ಹಳೇ ಬಟ್ಟೆ ಹುಡುಕುತ್ತ ಟ್ರಂಕಿಗೆ ಕೈ ಹಾಕಿದಳು. ಅವಳ ಕೈಗೆ ಸಿಕ್ಕಿದ್ದು ಒಂದು ಖಾಕಿ ಅಂಗಿ. ಎಡ ಎದೆಯ ಮೇಲೆ, ಜೇಬಿಗಿಂತ ಸ್ವಲ್ಪ ಮೇಲಕ್ಕೆ, ಎಂಟಾಣೆಯಗಲ ರಫೂ ಮಾಡಿದ ಗುರುತು. ಅವಳು ಅದನ್ನು ಎರಡು ತುಂಡು ಮಾಡಲು ಕತ್ತರಿ ಎತ್ತಿದ್ದಳು. ನಾನು ಊಟ ಬಿಟ್ಟು ಎಂಜಲುಗೈಯಲ್ಲೇ ಓಡಿಹೋಗಿ ಕಸಿದುಕೊಂಡೆ.

"ಇನ್ನೂ ಯಾಕ್ರೀ ಇದು? ಇದ್ರಲ್ಲಿ ಸತ್ತಿದ್ದು ಸಾಲ್ದಾ?" ಎಂದಳು.

ಸಾಲದು. ಆ ಅಂಗಿ ತೊಟ್ಟು ನಾನು ಎಷ್ಟು ಸಲ ಸತ್ತಿದ್ದೇನೋ ನನಗೇ ಲೆಕ್ಕವಿಲ್ಲ. ಬೇರೆಯವರಿಗಾದರೆ ಅದು ಒರೆಸುವ ಬಟ್ಟೆ, ನನಗೆ ಅದು ಅರ್ಧ ಆಯುಸ್ಸು.

ನಾನು ಸಿನಿಮಾ ನಟ. ನಗಬೇಡಿ. ಎಪ್ಪತ್ತು, ಎಂಬತ್ತರ ದಶಕದ ಕನ್ನಡ ಸಿನಿಮಾಗಳನ್ನು ನೀವು ನೋಡಿದ್ದರೆ ನನ್ನನ್ನೂ ನೋಡಿರುತ್ತೀರಿ, ನಿಮಗೆ ಗೊತ್ತಿಲ್ಲ ಅಷ್ಟೆ. ಕೊಲೆಗಾರನ ಹೆಸರು ಹೇಳಲೆಂದು ಏದುಸಿರು ಬಿಡುತ್ತ ನಾಯಕನ ಮನೆಗೆ ಒಬ್ಬ ಓಡಿಬರುತ್ತಾನಲ್ಲ, "ಅವನು... ಅವನು ಯಾರೂಂದ್ರೆ..." ಎನ್ನುವಷ್ಟರಲ್ಲಿ ಕಿಟಕಿಯಿಂದ ಗುಂಡು ಬಿದ್ದು ಸಾಯುತ್ತಾನಲ್ಲ, ಅವನೇ ನಾನು. ನನಗೆ ಕೊಟ್ಟ ಯಾವ ಮಾತನ್ನೂ ನಾನು ಪೂರ್ತಿ ಆಡಿದವನಲ್ಲ. ಶುರುವಿನಲ್ಲಿ ಹೆಸರುಗಳು ಬರುವಾಗ ದೊಡ್ಡ ಅಕ್ಷರದವರು, ಸಣ್ಣ ಅಕ್ಷರದವರು ಎಲ್ಲ ಮುಗಿದ ಮೇಲೆ 'ಮತ್ತಿತರರು' ಎಂದು ಬರುತ್ತದೆ. ಅದು ನನ್ನ ಹೆಸರು. ಮುಳಬಾಗಿಲಿನಲ್ಲಿದ್ದ ನನ್ನ ಹೊಲಿಗೆ ಅಂಗಡಿಗೆ ಕೆಲವು ತರಲೆಗಳು 'ಮತ್ತಿತರರು ಟೈಲರ್ಸ್' ಎಂದೇ ನಾಮಕರಣ ಮಾಡಿದ್ದರು. ಬೋರ್ಡು ಬರೆಸುವ ಕೆಲಸ ತಪ್ಪಿತೆಂದು ನಾನೂ ಸುಮ್ಮನಿದ್ದೆ.

ಬೀಳುವ ವಿದ್ಯೆ ಮಾತ್ರ ನನಗೆ ಯಾರೂ ಕಲಿಸಿದ್ದಲ್ಲ. ನಮ್ಮೂರು ನಂಗಲಿಯ ಹತ್ತಿರ. ರಸ್ತೆಯಲ್ಲಿ ಆಂಧ್ರದ ಲಾರಿ, ಬಾಯಲ್ಲಿ ಅರ್ಧ ಕನ್ನಡ ಅರ್ಧ ತೆಲುಗು. ಅಮ್ಮ ಅಕ್ಕರೆಗೆ ಕನ್ನಡವನ್ನೂ ಕೋಪಕ್ಕೆ ತೆಲುಗನ್ನೂ ಇಟ್ಟುಕೊಂಡಿದ್ದಳು. ನನಗೆ ಬುದ್ಧಿ ಬರುವ ಮೊದಲೇ ಅಪ್ಪ ತೀರಿಕೊಂಡಿದ್ದ. ನಾನು ಒಬ್ಬನೇ ಮಗ. ರಾಗಿ ಹೊಲ, ಹಿಪ್ಪುನೇರಳೆ ತೋಟ, ಮನೆಯೊಳಗೆ ಅರ್ಧ ಜಾಗ ಹಿಡಿದಿದ್ದ ರೇಷ್ಮೆ ಹುಳುವಿನ ತಟ್ಟೆಗಳು, ಇವೆಲ್ಲವನ್ನೂ ಅಮ್ಮ ಒಬ್ಬಳೇ ನೋಡಿಕೊಳ್ಳುತ್ತಿದ್ದಳು. ಹುಳು ಜ್ವರಕ್ಕೆ ಕೂತರೆ, ಅಂದರೆ ಮೇಯುವುದು ಬಿಟ್ಟು ಪೊರೆ ಕಳಚಲು ತಲೆಯೆತ್ತಿ ನಿಂತರೆ, ಮನೆಯಲ್ಲಿ ಗಟ್ಟಿಯಾಗಿ ಉಸಿರಾಡುವಂತಿಲ್ಲ. ಹಾಗಾಗಿ ನಾನು ಹುಲ್ಲಿನ ಮೆದೆಯ ಮೇಲಿನಿಂದ ಬಾಣ ತಗುಲಿದವನ ಹಾಗೆ ಬೀಳುವಾಗಲೂ ಬಾಯಿ ಮುಚ್ಚಿಕೊಂಡೇ ಬೀಳಬೇಕಿತ್ತು. ಸದ್ದಿಲ್ಲದೆ ಸಾಯುವುದನ್ನು ನಾನು ಕಲಿತದ್ದು ರೇಷ್ಮೆ ಹುಳುಗಳ ದೆಸೆಯಿಂದ.

ಊರಿನ ನಾಟಕದಲ್ಲಿ ಹಾರ್ಮೋನಿಯಂ ಮೇಷ್ಟ್ರು ನನಗೆ ಮೊದಲ ಬಾಣಕ್ಕೇ ಬೀಳುವ ಸೈನಿಕನ ಪಾತ್ರ ಕೊಟ್ಟಿದ್ದರು. ನಾನು ಒಂದು ಕೈ ಎದೆಗೆ, ಒಂದು ಕೈ ಆಕಾಶಕ್ಕೆ ಮಾಡಿ ವೇದಿಕೆಯ ಈ ತುದಿಯಿಂದ ಆ ತುದಿಯವರೆಗೆ ಸಾಯುತ್ತ ಹೋದೆ. ರಾಜನ ಪಾತ್ರದವರು ತಮ್ಮ ಹಾಡು ಮರೆತು ನನ್ನನ್ನೇ ನೋಡುತ್ತ ನಿಂತರು. ಕೊನೆಗೆ ಮೇಷ್ಟ್ರು ಹಾರ್ಮೋನಿಯಂ ಹಿಂದಿನಿಂದ, "ಸಾಯೋ ಬೇಗ, ಪರದೆ ಬಿಡ್ಬೇಕು" ಎಂದು ಗದರಿದ್ದು ಜನಕ್ಕೆಲ್ಲ ಕೇಳಿಸಿತು.

ಇನ್ನು ಸಿನಿಮಾಗೆ ಬಂದ ಕಥೆ. ಆಗ ನಾನು ಮಾಲೂರಿನ ಒಂದು ಟೈಲರ್ ಅಂಗಡಿಯಲ್ಲಿ ಕಾಜಾ ಹೊಲಿಯುತ್ತ ಕೆಲಸ ಕಲಿಯುತ್ತಿದ್ದೆ. ಟೇಕಲ್ ಬೆಟ್ಟದಲ್ಲಿ ಶೂಟಿಂಗ್ ನಡೆಯುತ್ತಿತ್ತು. ಬಂಡೆ ಹತ್ತುವಾಗ ಖಳನಾಯಕನ ಪ್ಯಾಂಟು ಎಲ್ಲಿ ಹರಿಯಬಾರದೋ ಅಲ್ಲಿ ಹರಿಯಿತಂತೆ. ಸೂಜಿ ದಾರ ಕೊಟ್ಟು ನನ್ನನ್ನು ರೈಲು ಹತ್ತಿಸಿದರು. ಅವರು ಟವೆಲ್ ಸುತ್ತಿಕೊಂಡು ಬಂಡೆಯ ಮರೆಯಲ್ಲಿ ಬಹಳ ಸಾಧುವಾಗಿ ಕೂತಿದ್ದರು. ನಾನು ಹೊಲಿದುಕೊಟ್ಟೆ. ಅಷ್ಟರಲ್ಲಿ ಇನ್ನೊಂದು ತಕರಾರು. ಅವರ ಗುಂಪಿನವನೊಬ್ಬ ಗುಂಡೇಟು ತಿಂದು ಬಂಡೆಯಿಂದ ಉರುಳಬೇಕಿತ್ತು, ಅವನು ಕೆಳಗೆ ಇಣುಕಿ ನೋಡಿ ಆಗಲ್ಲ ಎಂದು ಕೂತುಬಿಟ್ಟ.

"ನಾನು ಬೀಳ್ಲಾ ಸಾರ್?" ಎಂದೆ. ಆ ಮಾತು ನನ್ನ ಬಾಯಿಂದ ಹೇಗೆ ಬಂತೋ ಇವತ್ತಿಗೂ ಗೊತ್ತಿಲ್ಲ.

ಬಿದ್ದೆ. ಮೆದೆಯಿಂದ ಬಿದ್ದ ಹಾಗೇ, ಒಂದು ಕೈ ಎದೆಗೆ, ಒಂದು ಕೈ ಆಕಾಶಕ್ಕೆ, ಬಾಯಿ ಮುಚ್ಚಿಕೊಂಡು. ಮೊಣಕೈ ತರಚಿತ್ತು. ನನಗೆ ಮಾತ್ರ ಇನ್ನೊಂದು ಸಲ ಬೀಳಬೇಕು ಅನ್ನಿಸುತ್ತಿತ್ತು. ನಿರ್ದೇಶಕರು ಛತ್ರಿಯ ಕೆಳಗಿಂದ ಎದ್ದು ಬಂದು ಸಹಾಯಕರಿಗೆ, "ಈ ಹುಡುಗ ಚೆನ್ನಾಗಿ ಸಾಯ್ತಾನೆ ಕಣ್ರಯ್ಯಾ, ಅಡ್ರೆಸ್ ಬರ್ಕೊಳ್ಳಿ" ಎಂದರು. ಮಾಲೂರಿಗೆ ವಾಪಸು ರೈಲಿನಲ್ಲಿ ನನಗೆ ಕೂರಲಾಗಲಿಲ್ಲ. ಖಾಲಿ ಸೀಟುಗಳಿದ್ದರೂ ಬಾಗಿಲಲ್ಲೇ ನಿಂತು ಬಂದೆ.

ಆಮೇಲೆ ಕರೆಗಳು ಬರತೊಡಗಿದವು. ಇದರಲ್ಲಿ ನನ್ನ ನಟನೆಗಿಂತ ನನ್ನ ಸೂಜಿಯ ಪಾಲು ದೊಡ್ಡದು. ಸಣ್ಣ ಪಾತ್ರದವರು ಬಟ್ಟೆಬರೆ ತಾವೇ ತರಬೇಕಿತ್ತು. ಗುಂಡು ಬಿದ್ದ ಗುರುತಿಗೆ ಅಂಗಿಯನ್ನು ಊದುಬತ್ತಿಯಿಂದ ಸುಟ್ಟು, ಕೆಂಪು ಬಣ್ಣ ಬಳಿಯುತ್ತಿದ್ದರು. ಒಂದು ಸಾವಿಗೆ ಒಂದು ಅಂಗಿ ಹೋಯಿತು. ಉಳಿದವರು ಇದಕ್ಕೆ ಮುಖ ಸಿಂಡರಿಸುತ್ತಿದ್ದರು. ನಾನು ಸುಡಿ ಸ್ವಾಮಿ ಎಂದು ಎದೆ ಚಾಚುತ್ತಿದ್ದೆ. ಮನೆಗೆ ಬಂದು ನಿಂಬೆಹಣ್ಣು ಉಜ್ಜಿ ಒಗೆದು, ತೂತಿಗೆ ರಫೂ ಹಾಕಿದರೆ ಮುಂದಿನ ಸಾವಿಗೆ ಅಂಗಿ ತಯಾರು. ಆ ಖಾಕಿ ಅಂಗಿ ತೊಟ್ಟು ನಾನು ಒಂದು ಸಿನಿಮಾದಲ್ಲಿ ಡ್ರೈವರ್, ಒಂದರಲ್ಲಿ ವಾಚ್‌ಮನ್, ಇನ್ನೊಂದರಲ್ಲಿ ಕಳ್ಳಸಾಗಣೆಯವನು. ಎಲ್ಲರಿಗೂ ಗುಂಡು ಬಿದ್ದದ್ದು ಒಂದೇ ಜಾಗಕ್ಕೆ.

ಮುಳಬಾಗಿಲಿನಲ್ಲಿ ಸ್ವಂತ ಅಂಗಡಿ ಹಾಕಿದ ಮೇಲೆ ಗಿರಾಕಿಗಳ ಕಾಟ ಕೇಳಬೇಡಿ. ಶ್ರೀನಿವಾಸಪುರದಿಂದ ಬರುತ್ತಿದ್ದ ಮಾವಿನ ಮಂಡಿಯವರೊಬ್ಬರು ಅಳತೆ ಕೊಡಲು ಎರಡೂ ಕೈ ಎತ್ತಿ ನಿಂತು, "ಟೈಲ್ರೇ, ಹೊಸಾ ಸಿನಿಮಾದಾಗೆ ಕೊಲೆಗಾರ ಯಾರು ಅಂತ ಇಲ್ಲೇ ಹೇಳ್ಬಿಡಿ. ಅಲ್ಲಂತೂ ನೀವು ಹೇಳಲ್ಲ" ಎನ್ನುತ್ತಿದ್ದರು. ಅಂಗಡಿ ತುಂಬ ನಗು. ನನಗೂ ಒಳಗೊಳಗೇ ಖುಷಿ. ಹೇಗೇ ಆಗಲಿ, ಸತ್ತವನನ್ನು ನೆನಪಿಟ್ಟುಕೊಂಡಿದ್ದಾರಲ್ಲ.

ನನ್ನ ಸಾವನ್ನು ತಮಾಷೆಯಾಗಿ ತೆಗೆದುಕೊಳ್ಳದೆ ಇದ್ದವಳು ಒಬ್ಬಳೇ, ಅಮ್ಮ.

ನನ್ನ ಮೊದಲ ಸಿನಿಮಾ ಮುಳಬಾಗಿಲಿನ ಟೆಂಟಿಗೆ ಬಂದಾಗ ನಾನು ಹೆಮ್ಮೆಯಿಂದ ಅಮ್ಮನನ್ನು ಕರೆದುಕೊಂಡು ಹೋಗಿದ್ದೆ. ಹೊಸ ಸೀರೆ, ತಲೆಗೆ ಕನಕಾಂಬರ. ನೆಲದ ಟಿಕೆಟ್ಟು. ಮರಳನ್ನು ಗುಡ್ಡೆ ಮಾಡಿಕೊಂಡು ಅದರ ಮೇಲೆ ಕೂತಳು. ಪರದೆಯ ಮೇಲೆ ನಾನು ಬಂದಾಗ ಅಕ್ಕಪಕ್ಕದವರಿಗೆಲ್ಲ ಕೈ ತೋರಿಸಿದಳು. ಗುಂಡು ಬಿತ್ತು. ನಾನು ಉರುಳಿದೆ. ಯಾರೋ ಬಂದು ನನ್ನ ಮೇಲೆ ಬಿಳಿ ಬಟ್ಟೆ ಎಳೆದರು. ಅಮ್ಮ "ಅಯ್ಯೋ ನಾಯ್ನಾ, ಮಗನೇ" ಎಂದು ಕೂಗಿದ ಕೂಗಿಗೆ ಬೆಂಚಿನವರು, ಕುರ್ಚಿಯವರು ಎಲ್ಲ ತಿರುಗಿ ನೋಡಿದರು. ನಾನು ಪಕ್ಕದಲ್ಲೇ ಇದ್ದೆ. "ಅಮ್ಮಾ, ಇಲ್ಲಿದ್ದೀನಲ್ಲಮ್ಮಾ" ಎಂದು ಭುಜ ಅಲ್ಲಾಡಿಸಿದೆ. ಅವಳು ನನ್ನ ಮುಖ ನೋಡಲಿಲ್ಲ. ಬಿಳಿ ಬಟ್ಟೆಯನ್ನೇ ನೋಡುತ್ತಿದ್ದಳು. ಅಪ್ಪ ಹೋದಾಗ ಅಂಥದೇ ಬಟ್ಟೆಯನ್ನು ನಮ್ಮ ಮನೆಯ ಜಗುಲಿಯಲ್ಲೂ ಎಳೆದಿರಬೇಕು ಎಂಬುದು ನನಗೆ ಹೊಳೆದದ್ದು ಆಗಲೇ. ಎದ್ದು ಹೊರಗೆ ಬಂದುಬಿಟ್ಟೆವು.

ಮನೆ ಮುಟ್ಟಿದಾಗ ಹೊಸ್ತಿಲು ದಾಟಲು ಬಿಡಲಿಲ್ಲ. ಉಪ್ಪು ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕಿದಳು, ಹಿತ್ತಲಲ್ಲಿ ನಿಲ್ಲಿಸಿ ತಲೆಯ ಮೇಲೆ ನೀರು ಸುರಿದಳು. ಆಮೇಲೆ ಮುದ್ದೆ ಬಡಿಸಿ ಎದುರಿಗೆ ಕೂತು ಹೇಳಿದಳು.

"ನೋಡು ಮುನೆಂಕಟ, ನೀನು ಸಾಯೋದನ್ನ ನಾನು ಇನ್ನೊಂದು ದಪ ನೋಡಲ್ಲ. ಶುಭಂ ಬೀಳೋ ಹೊತ್ತಿಗೆ ಎಲ್ರೂ ನಗ್ತಾ ನಿಂತಿರ್ತಾರಲ್ಲ, ಅವರ ಜೊತೇಲಿ ನೀನು ಇರೋ ಸಿನಿಮಾ ಬಂದಾಗ ಕರಿ. ಬರ್ತೀನಿ."

ಶುಭಂ ಗೊತ್ತಲ್ಲ ನಿಮಗೆ? ಎಲ್ಲ ಗಲಾಟೆ ಮುಗಿದು, ನಾಯಕ ನಾಯಕಿ, ತಾಯಿ, ಮಾವ, ಹಾಸ್ಯದವರು, ಮನೆಯ ಆಳುಕಾಳು ಸಾಲಾಗಿ ನಿಂತು ಯಾವುದೋ ಸಣ್ಣ ಮಾತಿಗೆ ಹೊಟ್ಟೆ ತುಂಬ ನಗುತ್ತಾರೆ. ಆ ನಗು ಹಾಗೇ ನಿಂತು ಮೇಲೆ 'ಶುಭಂ' ಎಂದು ಬೀಳುತ್ತದೆ. ಭಕ್ತಿಯ ಸಿನಿಮಾಗಳಾದರೆ ಅಮ್ಮ ಆ ಅಕ್ಷರಗಳಿಗೂ ಕೈ ಮುಗಿಯುತ್ತಿದ್ದವಳು. ನನ್ನಂಥವನಿಗೆ ಅಲ್ಲಿಯವರೆಗೆ ಬದುಕಿರುವ ಯೋಗವೆಲ್ಲಿ? ಇಂಟರ್‌ವಲ್ಲಿನ ಸೋಡಾ ಕುಡಿಯುವ ಹೊತ್ತಿಗೆ ನನ್ನ ಕಥೆ ಮುಗಿದಿರುತ್ತಿತ್ತು.

ಆದರೆ ಅಂದಿನಿಂದ ನನಗೆ ಅದೊಂದೇ ಹುಚ್ಚು. ಹೆಸರು ಬೇಡ, ದೊಡ್ಡ ಪಾತ್ರ ಬೇಡ, ಅಮ್ಮನ ಕಣ್ಣೆದುರು ಒಂದು ಸಲ ಶುಭಂನಲ್ಲಿ ನಗುತ್ತ ನಿಲ್ಲಬೇಕು. ಪ್ರತಿ ಸಿನಿಮಾ ಒಪ್ಪುವ ಮೊದಲು, "ಸಾರ್, ನಾನು ಉಳೀತೀನಾ?" ಎಂದು ಕೇಳತೊಡಗಿದೆ. ಒಬ್ಬ ನಿರ್ದೇಶಕರು ಪಾಪ ನನ್ನನ್ನು ಉಳಿಸಲೆಂದೇ ಡಾಕ್ಟರ್ ಪಾತ್ರ ಕೊಟ್ಟರು. ಕಥೆ ಬರೆಯುವವರು ನಾಲ್ಕನೇ ದಿನ ಆ ಡಾಕ್ಟರಿಗೇ ಗುಟ್ಟು ಗೊತ್ತಿರಲಿ ಎಂದು ತೀರ್ಮಾನಿಸಿದರು. ಗುಟ್ಟು ಗೊತ್ತಾದ ಮೇಲೆ ನಾನು ಉಳಿಯುವುದುಂಟೇ? ಊರಿಗೆ ಬಂದರೆ ಅಮ್ಮ ಬಾಗಿಲಲ್ಲೇ ಕೇಳುವಳು, "ಶುಭಂನಲ್ಲಿ ಇದ್ದೀಯೇನಪ್ಪಾ?" ನಾನು ಚಪ್ಪಲಿ ಬಿಡುತ್ತ, "ಇಲ್ಲಮ್ಮ, ಈ ಸಲಾನೂ ಇಲ್ಲ" ಎನ್ನುವೆ. ಅವಳು ಉಪ್ಪು ಮೆಣಸಿನಕಾಯಿ ತರಲು ಒಳಗೆ ಹೋಗುವಳು.

ಎಂಬತ್ತರ ದಶಕ ಶುರುವಾದ ಮೇಲೆ ನನಗೆ ಅಡುಗೆಭಟ್ಟನ ಪಾತ್ರ ಬಂತು. ಮದುವೆ ಮನೆಯ ಕಥೆ, ಕೋಲಾರದ ಒಂದು ಛತ್ರದಲ್ಲಿ ಶೂಟಿಂಗ್. ಸಹಾಯಕ ನಿರ್ದೇಶಕರು, "ಒಂದು ದೊಡ್ಡ ಸೌಟು ತಗೊಂಡ್ಬಾರಯ್ಯಾ" ಎಂದರು. "ನಾನು ಉಳೀತೀನಾ ಸಾರ್?" ಎಂದೆ. "ನಿನ್ನ ಕೊಂದು ನಮ್ಗೇನಾಗ್ಬೇಕು? ಅಡುಗೆ ಯಾರು ಮಾಡ್ತಾರೆ?" ಎಂದರು. ಕೇಳಿದ ಕೂಡಲೇ ಊರಿಗೆ ಓಡಿ, ಅಮ್ಮ ತೋಟಕ್ಕೆ ಹೋಗಿದ್ದಾಗ ಗೋಡೆಗೆ ನೇತುಹಾಕಿದ್ದ ಹಿತ್ತಾಳೆ ಸೌಟು ತೆಗೆದುಕೊಂಡು ಬಂದೆ. ಹೇಳಿದರೆ ದೃಷ್ಟಿಯಾದೀತೆಂದು ಹೇಳಲಿಲ್ಲ.

ಕೊನೆಯ ಗುಂಪು ನಗುವಿನ ದಿನ ಬಂತು. ನಾನು ಕುಳ್ಳ. ಮುಂದೆ ಮಾವನ ಪಾತ್ರದವರ ಜರಿ ಪೇಟ. ಕ್ಯಾಮೆರಾ ಕಡೆಯಿಂದ, "ಬಲಗಡೆ ಭಟ್ಟ ಕಾಣ್ತಿಲ್ಲ, ಹೋಗ್ಲಿ ಬಿಡಿ" ಎಂದು ಯಾರೋ ಹೇಳಿದ್ದು ಕಿವಿಗೆ ಬಿತ್ತು. ಹೋಗಲಿ ಬಿಡುವುದೇ? ಅಷ್ಟು ವರ್ಷ ಸತ್ತು ಸತ್ತು ಇಲ್ಲಿವರೆಗೆ ಬದುಕಿ ಬಂದಿದ್ದೇನೆ. ಎರಡು ಇಟ್ಟಿಗೆ ತಂದು ಮೇಲೆ ಹತ್ತಿದೆ, ಸೌಟನ್ನು ತಲೆಯ ಮೇಲಕ್ಕೆತ್ತಿ ಹಿಡಿದೆ, ನಕ್ಕೆ. ಆ ನಗುವಿಗೆ ನಟನೆ ಬೇಕಿರಲಿಲ್ಲ. ಸಂಭ್ರಮದಲ್ಲಿ ಸೌಟನ್ನು ಅವರ ಸಾಮಾನಿನ ಪೆಟ್ಟಿಗೆಯಲ್ಲೇ ಬಿಟ್ಟು ಬಂದೆ, ಅದು ಎಲ್ಲಿಗೆ ಹೋಯಿತೋ ಪತ್ತೆಯಾಗಲಿಲ್ಲ.

ಸಿನಿಮಾ ಊರೂರು ಸುತ್ತಿ ನಂಗಲಿಯ ಟೆಂಟಿಗೆ ಬರುವ ಹೊತ್ತಿಗೆ ಬೇಸಿಗೆ ಬಂದಿತ್ತು. ನಾನು ಅಮ್ಮನಿಗೆ, "ಈ ಸಲ ಇದ್ದೀನಮ್ಮಾ" ಎಂದೆ. ಅವಳು ಮೊರ ಕೆಳಗಿಟ್ಟು, "ಕೊನೇ ತನಕ?" ಎಂದಳು. "ಶುಭಂ ತನಕ." ಸಂಜೆಯೊಳಗೆ ಊರಿಗೆಲ್ಲ ಗೊತ್ತಾಗಿ ಒಂದು ಟ್ರ್ಯಾಕ್ಟರ್ ಹೆಂಗಸರು ಮಕ್ಕಳು ಹೊರಟು ನಿಂತರು. ಪಕ್ಕದ ಮನೆ ಪಾಪಮ್ಮನೂ ಹತ್ತಿದಳು, ಆದರೆ ಅಮ್ಮ ಕೂತದ್ದಕ್ಕೆ ಎದುರು ತುದಿಯಲ್ಲಿ. ಪಾತ್ರೆ ಪಡಗದ ಯಾವುದೋ ವಿಷಯಕ್ಕೆ ಇಬ್ಬರಿಗೂ ಮಾತು ನಿಂತು ತಿಂಗಳುಗಳಾಗಿದ್ದವು. ನಾನು ಅದಕ್ಕೆ ತಲೆ ಹಾಕಿರಲಿಲ್ಲ.

ನನಗೆ ಒಂದೇ ಭಯವಿತ್ತು. ಹೊಡೆದಾಟದ ಸಿನಿಮಾಗಳು ಬಂದಮೇಲೆ ನಮ್ಮ ಕಡೆ ಯಾರೂ ಶುಭಂ ನೋಡುತ್ತಿರಲಿಲ್ಲ. ಖಳನಾಯಕನ ಕೈಗೆ ಕೋಳ ಬಿದ್ದರೆ ಸಾಕು, ಜನ ಎದ್ದು ಪಂಚೆ ಕೊಡವಿಕೊಂಡು ಹೊರಡುತ್ತಿದ್ದರು. ಜನ ಎದ್ದಮೇಲೆ ಯಾಕೆ ದಂಡವೆಂದು ಆಪರೇಟರ್ ಬಾಷಾ ಸಾಬರು ಮೆಷಿನ್ನಿನಲ್ಲಿ ಬೆಳಕಿಗೆ ಉರಿಯುವ ಕಾರ್ಬನ್ ಕಡ್ಡಿ ಉಳಿಸಲು ಅಲ್ಲಿಗೇ ನಿಲ್ಲಿಸಿಬಿಡುತ್ತಿದ್ದರು. ಅದು ಅವರ ವಾಡಿಕೆ. ಮಧ್ಯಾಹ್ನವೇ ಹೋಗಿ ಅವರನ್ನು ಕಂಡೆ.

"ಸಾಬ್ರೇ, ಇವತ್ತೊಂದಿನ ಶುಭಂವರೆಗೂ ಓಡಿಸಿ. ನಮ್ಮಮ್ಮ ಬರ್ತಿದ್ದಾಳೆ."

"ಓಡಿಸ್ತೀನಿ ಬಿಡಪ್ಪಾ. ಜನ ಎದ್ದೇಳೋದು ನನ್ ಕೈಲಿಲ್ಲ" ಎಂದರು.

ಆಟ ಶುರುವಾಯಿತು. ಅಮ್ಮ ನನ್ನ ಮುಂಗೈ ಹಿಡಿದವಳು ಬಿಡಲಿಲ್ಲ. ಪರದೆಯ ಮೇಲೆ ಯಾರಾದರೂ ಕೈ ಜೇಬಿಗೆ ಹಾಕಿದರೆ ಸಾಕು, ಹಿಡಿತ ಬಿಗಿಯಾಗುತ್ತಿತ್ತು. ಇಂಟರ್‌ವಲ್ ಬಂತು, ನಾನು ಬದುಕಿದ್ದೆ. ಊರಿನವರು ಬಂದು ಕೈ ಕುಲುಕಿದರು. ಆಮೇಲೆ ಖಳನ ಕಡೆಯವರು ಅಡುಗೆ ಮನೆಗೆ ಬೆಂಕಿ ಇಟ್ಟರು. ಅಮ್ಮ ಎದ್ದು ನಿಂತುಬಿಟ್ಟಳು. ಹೊಗೆಯೊಳಗಿಂದ ನಾನು ಕೆಮ್ಮುತ್ತ ಹೊರಬಂದಾಗ ನೆಲದವರೆಲ್ಲ ಶಿಳ್ಳೆ ಹಾಕಿದರು. ನಾಯಕನಿಗೂ ಅಷ್ಟು ಶಿಳ್ಳೆ ಬಿದ್ದಿರಲಿಲ್ಲ.

ಕೊನೆಗೆ ಕೋಳ ಬಿತ್ತು. ನಾನು ಹೆದರಿದ್ದೇ ಆಯಿತು. ಅಭ್ಯಾಸಬಲ ನೋಡಿ, ಶಿಳ್ಳೆ ಹಾಕಿದವರೇ ಒಟ್ಟಿಗೆ ಎದ್ದರು. ಮುಂದೆಲ್ಲ ಬರೀ ಬೆನ್ನು, ತಲೆ, ಟವೆಲ್ಲು. "ಕೂತ್ಕೊಳ್ರಪ್ಪೋ" ಎಂದು ನಾನು ಅರಚಿದ್ದು ಯಾರಿಗೂ ಕೇಳಲಿಲ್ಲ. ಅಮ್ಮ ನನಗಿಂತ ಕುಳ್ಳಿ. ಮರಳು ಗುಡ್ಡೆಯ ಮೇಲೆ ತುದಿಗಾಲಲ್ಲಿ ನಿಂತು, ಆ ಕಡೆ ಈ ಕಡೆ ಇಣುಕಿ, ಏನೂ ಕಾಣದೆ ನಿಂತಳು. ಶುಭಂ ಬಿತ್ತು, ಹೋಯಿತು. ದೀಪ ಹತ್ತಿತು. ಇಷ್ಟು ವರ್ಷ ಕಾದದ್ದು ಇಷ್ಟಕ್ಕೇನಾ ಎಂದು ನನಗೆ ಅಳು ಬಂತು.

ಅಮ್ಮ ನನ್ನ ಕೈ ಬಿಟ್ಟಳು. ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು, ಜನರ ಸಂದಿಯಲ್ಲಿ ನುಗ್ಗಿ, ಟೆಂಟಿನ ಬಾಗಿಲಿಗೆ ಹೋಗಿ ಎರಡು ಕೈ ಅಡ್ಡ ಚಾಚಿ ನಿಂತಳು.

"ಕೂಚೋಂಡ್ರಾ!" ಎಂದಳು, ಕೂತ್ಕೊಳ್ರೋ ಅಂತ. ತೆಲುಗು ಬಂತೆಂದರೆ ಕೋಪ ಬಂತೆಂದು ನಮ್ಮೂರಿನವರಿಗೆ ಗೊತ್ತಿತ್ತು, ಮುಂದಿದ್ದವರು ನಿಂತರು. "ನನ್ನ ಮಗ ಸತ್ತಾಗ ಎಲ್ಲಾರೂ ಕೂತ್ಕಂಡು ನೋಡಿದ್ರಿ. ಬದುಕಿದ್ದಾಗ ಎದ್ದು ಹೋಗ್ತೀರೇನ್ರಯ್ಯಾ?"

ಮೊದಲು ಕೂತವರು ಯಾರೋ ನನಗೆ ಕಾಣಲಿಲ್ಲ. ನೋಡನೋಡುತ್ತ ನೆಲದವರು ಕೂತರು, ಬೆಂಚಿನವರು ಕೂತರು, ಕುರ್ಚಿಯವರು ವಾಪಸು ಬಂದು ಕೂತರು. ಒಳಗಿನಿಂದ ಬಾಷಾ ಸಾಬರು ಇಣುಕಿ, "ಬೈಠೋ ಅಮ್ಮಾ, ತಿರುಗಾ ಹಾಕ್ತೀನಿ" ಎಂದರು. ರೀಲು ಹಿಂದಕ್ಕೆ ಸುತ್ತುವ ಸದ್ದು ಕೇಳುತ್ತ ಅಷ್ಟೂ ಜನ ಕಾದರು. ಎರಡನೇ ಆಟಕ್ಕೆ ಹೊರಗೆ ನಿಂತಿದ್ದವರು ಏನಾಯಿತೆಂದು ಕೇಳಿದರೆ, ಬಾಗಿಲಿನವನು, "ಸುಮ್ನಿರಿ, ಮುನೆಂಕಟ ಬದುಕ್ತಾ ಇದ್ದಾನೆ" ಎಂದ.

ಕತ್ತಲಾಯಿತು. ಸಾಲಾಗಿ ನಿಂತವರು ನಕ್ಕರು. ಬಲತುದಿಯಲ್ಲಿ, ಜರಿ ಪೇಟದ ಹಿಂದೆ, ಸೌಟೆತ್ತಿ ನಾನು ನಗುತ್ತಿದ್ದೆ. ನಗು ನಿಂತಿತು, ಮೇಲೆ ಶುಭಂ ಬಿತ್ತು. ಅಮ್ಮ ಕೈ ಮುಗಿದಳು. ಅವಳ ಕೆನ್ನೆಯ ಮೇಲೆ ನೀರು ಇಳಿಯುತ್ತಿತ್ತು. ನಾನು ಪರದೆ ನೋಡಲಿಲ್ಲ, ಅವಳನ್ನೇ ನೋಡಿದೆ. ಅಷ್ಟು ಖುಷಿ ನನಗೆ ಮತ್ತೆ ಯಾವತ್ತೂ ಆಗಿಲ್ಲ.

ಆಮೇಲೆ ಅವಳು ಕೈ ಇಳಿಸಿ ಕಣ್ಣು ಕಿರಿದು ಮಾಡಿ ನೋಡಿದಳು.

"ಲೇ ಮುನೆಂಕಟ, ಅದು ನಮ್ಮ ಹಿತ್ತಾಳೆ ಸೌಟಲ್ವೇನೋ?"

ನಾನು ಬಾಯಿ ತೆರೆಯುವ ಮೊದಲೇ ಹಿಂದಿನಿಂದ ಪಾಪಮ್ಮನ ಧ್ವನಿ ಬಂತು. "ನಾನು ಅವತ್ತೇ ಬಡ್ಕಂಡೆ ಕಣಕ್ಕಾ, ನಾನು ಮುಟ್ಟಿಲ್ಲ ಅಂತ."

ಇಡೀ ಟೆಂಟು ನಕ್ಕಿತು. ಅಮ್ಮನೂ ಕಣ್ಣೊರೆಸಿಕೊಳ್ಳುತ್ತ ನಕ್ಕಳು. ವಾಪಸು ಬರುವಾಗ ಟ್ರ್ಯಾಕ್ಟರಿನಲ್ಲಿ ಅವರಿಬ್ಬರೂ ಪಕ್ಕಪಕ್ಕ ಕೂತು ದಾರಿಯುದ್ದಕ್ಕೂ ನನ್ನನ್ನು ಬೈದರು.

ಆ ಸಿನಿಮಾದ ನಂತರ ನಾನು ದೊಡ್ಡ ನಟನಾದೆ ಎಂದುಕೊಂಡಿರೇನೋ. ಎಲ್ಲಿಯ ಮಾತು. ಮುಂದಿನ ಕರೆಯಲ್ಲೇ, "ಖಾಕಿ ಅಂಗಿ ಇದೆಯಲ್ಲ, ತಗೊಂಡು ಬಾ" ಎಂದರು. ಮತ್ತೆ ಊದುಬತ್ತಿ, ಮತ್ತೆ ರಫೂ. ದಶಕದ ಕೊನೆಗೆ ಟಿವಿ ಬಂದು ಒಂದು ಧಾರಾವಾಹಿಯಲ್ಲೂ ಅವಕಾಶ ಸಿಕ್ಕಿತು. ನಮ್ಮೂರಿನ ಹಾಲಿನ ಡೇರಿಯಲ್ಲಿ ಟಿವಿ ಇಟ್ಟಿದ್ದರು. ವಾರ ವಾರ ಊರೆಲ್ಲ ಅಲ್ಲಿ ಸೇರುತ್ತಿತ್ತು. ಮೂರನೇ ವಾರ ಅಂಗಡಿ ಮುಚ್ಚಿ ನಾನು ಬರುವುದು ತಡವಾಯಿತು. ಬಾಗಿಲಲ್ಲಿ ನಿಂತಾಗ ಒಳಗೆ ನನಗೆ ಆಗಲೇ ಗುಂಡು ಬಿದ್ದಿತ್ತು. ಅದೇ ಅಂಗಿ, ಅದೇ ಜಾಗ. ಬಿಳಿ ಬಟ್ಟೆ ಎಳೆಯುತ್ತಿದ್ದರು. ನೋಡಿದರೆ ಮುಂದಿನ ಸಾಲಿನಲ್ಲೇ ಅಮ್ಮ ಕೂತಿದ್ದಳು. ಪಕ್ಕದಲ್ಲಿದ್ದ ಪಾಪಮ್ಮ ಬಾಯಿಗೆ ಸೆರಗು ಹಿಡಿದು, "ಅಯ್ಯೋ ಅಕ್ಕಾ, ಸತ್ತೋದ್ನಲ್ಲೇ" ಎಂದಳು.

ಅಮ್ಮ ಎಲೆಗೆ ಸುಣ್ಣ ಸವರುತ್ತಿದ್ದಳು, ತಲೆ ಎತ್ತಲಿಲ್ಲ.

"ಸಾಯ್ಲಿ ಬಿಡೇ ಪಾಪಮ್ಮ. ಅವನಿಗೆ ಬದುಕೋಕೂ ಬರುತ್ತೆ."